ಕಲ್ಲಿನಲ್ಲಿ ಕಥೆ, ಮಾತಿನಲ್ಲಿ ಮೂರ್ತಿ

ಕನ್ನಡ ನಾಡಿನಲ್ಲಿ ಕಾವ್ಯಕ್ಕೂ ಶಿಲ್ಪ ಚಿತ್ರಗಳಿಗೂ ಇರುವ ನಂಟು ಸಾವಿರದ ಮುನ್ನೂರು ವರ್ಷಗಳಷ್ಟು ಹಳೆಯದು. ಶಿಲ್ಪಿ ಕಾವ್ಯದಿಂದ ಕಥೆ ಪಡೆದ. ಶಿಲ್ಪಿ ಕಡೆದದ್ದನ್ನು ಕಂಡ ಕವಿ ಅದನ್ನು ಮತ್ತೆ ಮಾತಿಗೆ ತಂದ. ಈ ಕೊಳುಕೊಡುಗೆ ಒಂದೇ ದಿಕ್ಕಿನಲ್ಲಿ ಸಾಗಿದ್ದಲ್ಲ.

ಇದರ ಹಳೆಯ ಕುರುಹುಗಳು ಪಟ್ಟದಕಲ್ಲಿನಲ್ಲಿವೆ. 8ನೆಯ ಶತಮಾನದಲ್ಲಿ ಚಾಲುಕ್ಯ ರಾಣಿ ಲೋಕಮಹಾದೇವಿ ಕಟ್ಟಿಸಿದ ವಿರೂಪಾಕ್ಷ ದೇವಾಲಯದ ಕಂಬಗಳ ಮೇಲೆ ರಾಮಾಯಣ, ಮಹಾಭಾರತಗಳ ದೃಶ್ಯಗಳಿವೆ. ಅಲ್ಲಿನ ಪಾಪನಾಥ ದೇವಾಲಯದ ಹೊರಗೋಡೆಯಲ್ಲಿ ರಾಮಾಯಣದ ಪಾತ್ರಗಳ ಜೊತೆಗೆ ಅವರ ಹೆಸರುಗಳನ್ನೂ ಕೊರೆದಿದ್ದಾರೆ. ಕಥೆಗೆ ಆಕಾರ ಕೊಟ್ಟ ಉಳಿಯೇ ಅಕ್ಷರವನ್ನೂ ಬರೆಯಿತು. ವಾಲ್ಮೀಕಿ ಪರಂಪರೆಯ ರಾಮಕಥೆ ಕನ್ನಡದಲ್ಲಿ ಪೂರ್ಣ ಕಾವ್ಯವಾಗಿ ಬಂದದ್ದು ಸುಮಾರು 1500ರ ಹೊತ್ತಿಗೆ, ಕುಮಾರವಾಲ್ಮೀಕಿಯ ‘ತೊರವೆ ರಾಮಾಯಣ’ದಲ್ಲಿ. ಅದಕ್ಕೂ ಏಳುನೂರು ವರ್ಷಗಳ ಮೊದಲೇ ಕನ್ನಡ ನಾಡಿನ ಕಲ್ಲು ಆ ಕಥೆಯನ್ನು ಹೇಳತೊಡಗಿತ್ತು.

ಜೈನ ಪರಂಪರೆಯಲ್ಲಿ, ಶ್ರವಣಬೆಳಗೊಳದ ಬಾಹುಬಲಿಯ ಮಟ್ಟಿಗೆ, ಕನ್ನಡ ಕಾವ್ಯ ಮುಂದೆ ಬಂತು, ಶಿಲ್ಪ ಹಿಂದೆ ಬಂತು. ಪಂಪನ ‘ಆದಿಪುರಾಣ’ದ ಕಾಲ 941. ಭರತ ಬಾಹುಬಲಿಯರ ಕಥೆ ಕನ್ನಡದಲ್ಲಿ ಮಹಾಕಾವ್ಯದ ಎತ್ತರಕ್ಕೇರಿದ್ದು ಅಲ್ಲಿ. ಗಂಗರ ಮಂತ್ರಿಯೂ ದಂಡನಾಯಕನೂ ಆಗಿದ್ದ ಚಾವುಂಡರಾಯ ಸ್ವತಃ ಲೇಖಕ. ಅರವತ್ತಮೂರು ಶಲಾಕಾಪುರುಷರ, ಎಂದರೆ ಜೈನ ಮಹಾಪುರುಷರ, ಚರಿತೆಯನ್ನು ಹೇಳುವ ಅವನ ‘ಚಾವುಂಡರಾಯ ಪುರಾಣ’ ಕನ್ನಡದ ಹಳೆಯ ಗದ್ಯಕೃತಿಗಳಲ್ಲೊಂದು. ಅದರ ಕಾಲ 978. ಕೆಲವೇ ವರ್ಷಗಳಲ್ಲಿ, ಸುಮಾರು 981ರಲ್ಲಿ, ಅವನೇ ಶ್ರವಣಬೆಳಗೊಳದ ಬೆಟ್ಟದ ಮೇಲೆ 58 ಅಡಿ ಎತ್ತರದ ಗೊಮ್ಮಟನನ್ನು, ಎಂದರೆ ಬಾಹುಬಲಿಯ ಮೂರ್ತಿಯನ್ನು, ಮಾಡಿಸಿದ. ಗ್ರಂಥ ಬರೆದವನೂ ಮೂರ್ತಿ ನಿಲ್ಲಿಸಿದವನೂ ಒಬ್ಬನೇ.

ಕಾವ್ಯಕ್ಕೂ ಶಿಲ್ಪಕ್ಕೂ ಇರುವ ವ್ಯತ್ಯಾಸ ಇಲ್ಲಿ ಸ್ಪಷ್ಟವಾಗಿ ಕಾಣುತ್ತದೆ. ಕವಿ ಅಣ್ಣ ತಮ್ಮಂದಿರ ದೃಷ್ಟಿಯುದ್ಧ, ಜಲಯುದ್ಧ, ಮಲ್ಲಯುದ್ಧಗಳನ್ನು ಒಂದರ ನಂತರ ಒಂದಾಗಿ ವರ್ಣಿಸಬಲ್ಲ. ಗೆದ್ದವನ ಮನಸ್ಸಿನಲ್ಲಿ ಹುಟ್ಟಿದ ವೈರಾಗ್ಯವನ್ನು ಅವನ ಬಾಯಿಂದಲೇ ಆಡಿಸಬಲ್ಲ. ಶಿಲ್ಪಿಯ ಕೈಯಲ್ಲಿರುವುದು ಒಂದೇ ಕ್ಷಣ. ಬೆಳಗೊಳದ ಶಿಲ್ಪಿ ಯುದ್ಧವನ್ನು ಪೂರ್ತಿ ಬಿಟ್ಟುಕೊಟ್ಟ. ಎಲ್ಲವೂ ಮುಗಿದ ಮೇಲೆ ತಪಸ್ಸಿಗೆ ನಿಂತ ಬಾಹುಬಲಿಯನ್ನು ಆರಿಸಿಕೊಂಡ. ಕಾಲಿನ ಬದಿಯಲ್ಲಿ ಹುತ್ತ, ಹುತ್ತದಿಂದ ಹೊರಬಂದ ಹಾವು, ತೊಡೆ ತೋಳುಗಳನ್ನು ಸುತ್ತಿದ ಬಳ್ಳಿ. ಕವಿ ‘ಒಂದು ವರ್ಷ ಕದಲದೆ ನಿಂತ’ ಎಂದು ಹೇಳಬೇಕಾದದ್ದನ್ನು ಆ ಬಳ್ಳಿಯ ಬೆಳವಣಿಗೆಯೇ ಹೇಳುತ್ತದೆ. ಕಾಲವನ್ನು ಕಲ್ಲಿನಲ್ಲಿ ತೋರಿಸುವ ಉಪಾಯ ಅದು.

ಕಾವ್ಯದಿಂದ ಮೂರ್ತಿಗೆ ಬಂದ ಕಥೆ ಎರಡು ಶತಮಾನಗಳ ನಂತರ ಮೂರ್ತಿಯಿಂದ ಕಾವ್ಯಕ್ಕೆ ಮರಳಿತು. ಸುಮಾರು 1180ರಲ್ಲಿ ‘ಸುಜನೋತ್ತಂಸ’ ಎಂಬ ಬಿರುದಿನ ಬೊಪ್ಪಣ ಪಂಡಿತ ಗೊಮ್ಮಟನನ್ನು ಕುರಿತು ಕನ್ನಡ ಪದ್ಯಗಳನ್ನು ರಚಿಸಿದ. ಅವು ಬೆಳಗೊಳದಲ್ಲೇ ಶಾಸನವಾಗಿ ಕಲ್ಲಿನ ಮೇಲೆ ಉಳಿದಿವೆ. ಪೌದನಪುರದಲ್ಲಿ ಭರತ ನಿಲ್ಲಿಸಿದ್ದ ಮೂರ್ತಿಯ ಸುದ್ದಿ ಕೇಳಿದ ಚಾವುಂಡರಾಯ, ಅಲ್ಲಿಗೆ ಹೋಗುವುದು ಅಸಾಧ್ಯವೆಂದು ತಿಳಿದು ಅಂಥದೇ ಮೂರ್ತಿಯನ್ನು ಮಾಡಿಸಿದನೆಂಬ ಐತಿಹ್ಯವನ್ನು ಬೊಪ್ಪಣ ಹೇಳುತ್ತಾನೆ. ಅವನ ಒಂದು ಪದ್ಯ ಕಲಾವಿಮರ್ಶೆಯೇ ಆಗಿದೆ. ಮೂರ್ತಿ ಬಹಳ ಎತ್ತರವಾದರೆ ಅದರಲ್ಲಿ ಚೆಲುವು ನಿಲ್ಲುವುದಿಲ್ಲ. ಎತ್ತರವೂ ಚೆಲುವೂ ಕೂಡಿದರೂ ದೈವಿಕ ಅತಿಶಯ ಇರುವುದಿಲ್ಲ. ಗೊಮ್ಮಟನಲ್ಲಿ ಮೂರೂ ನೆಲೆಸಿವೆ ಎಂಬುದು ಅವನ ವಾದ. ಎಂಟುನೂರು ವರ್ಷಗಳ ಹಿಂದೆ ಒಬ್ಬ ಕನ್ನಡ ಕವಿ ಒಂದು ಶಿಲ್ಪದ ಮುಂದೆ ನಿಂತು, ಅದು ಏಕೆ ಚೆನ್ನಾಗಿದೆ ಎಂದು ಕಾರಣ ಕೊಟ್ಟು ಹೇಳಿದ್ದಾನೆ.

ಹೊಯ್ಸಳರ ಕಾಲದಲ್ಲಿ ಗುಡಿಯ ಗೋಡೆ ಪುಸ್ತಕದ ಪುಟದಂತೆ ಆಯಿತು. ದಂಡನಾಯಕ ಅಮೃತೇಶ್ವರ 1196ರಲ್ಲಿ ತರೀಕೆರೆ ಬಳಿಯ ಅಮೃತಾಪುರದಲ್ಲಿ ಕಟ್ಟಿಸಿದ ದೇವಾಲಯದ ಮಂಟಪದ ಹೊರಗೋಡೆಯಲ್ಲಿ 140 ಫಲಕಗಳಿವೆ. ದಕ್ಷಿಣಕ್ಕೆ ರಾಮಾಯಣದ 70. ಉತ್ತರಕ್ಕೆ ಕೃಷ್ಣನ ಬಾಲ್ಯ ಮತ್ತು ಲೀಲೆಗಳ 25, ಮಹಾಭಾರತದ 45. ಅದೇ ದೇವಾಲಯದ ದೊಡ್ಡ ಶಾಸನದ ಪದ್ಯಗಳು ಕವಿಚಕ್ರವರ್ತಿ ಜನ್ನನ ರಚನೆ. ಒಂದೇ ಅಂಗಳದಲ್ಲಿ ಶಿಲ್ಪಿಯೂ ಮಹಾಕವಿಯೂ ಕೆಲಸ ಮಾಡಿದ್ದಾರೆ. 13ನೆಯ ಶತಮಾನದ ಸೋಮನಾಥಪುರದಲ್ಲಿ ಆನೆ, ಕುದುರೆ, ಬಳ್ಳಿಗಳ ಪಟ್ಟಿಕೆಗಳ ಮೇಲೆ ಕಥೆಯ ಪಟ್ಟಿಕೆ ಓಡುತ್ತದೆ. ದಕ್ಷಿಣದಲ್ಲಿ ರಾಮಾಯಣ, ಹಿಂಬದಿಯಲ್ಲಿ ಭಾಗವತ, ಉತ್ತರದಲ್ಲಿ ಮಹಾಭಾರತ. ಪ್ರದಕ್ಷಿಣೆ ಹಾಕುವ ಭಕ್ತನ ಕಾಲೇ ಇಲ್ಲಿ ಪುಟ ತಿರುಗಿಸುತ್ತದೆ. ಕವಿಗಳು ಕಾವ್ಯದಲ್ಲಿ ತಮ್ಮ ಹೆಸರು ಹೇಳಿಕೊಂಡಂತೆ ಹೊಯ್ಸಳ ಶಿಲ್ಪಿಗಳೂ ಮೂರ್ತಿಯ ಕೆಳಗೆ ಹೆಸರು ಕೊರೆದರು. ಮಲ್ಲಿತಮ್ಮನ ಹೆಸರು ಅಮೃತಾಪುರದಲ್ಲೂ ಇದೆ, ಸೋಮನಾಥಪುರದಲ್ಲೂ ಇದೆ.

ನಡೆಯುತ್ತ ಓದುವ ಈ ಕ್ರಮ ವಿಜಯನಗರದಲ್ಲಿ ಇನ್ನೂ ಬಿಗಿಯಾಯಿತು. 15ನೆಯ ಶತಮಾನದ ಆರಂಭದ ಹಜಾರ ರಾಮ ದೇವಾಲಯದ ಗೋಡೆಗಳಲ್ಲಿ ರಾಮಾಯಣ ಮೂರು ಸಾಲುಗಳಲ್ಲಿದೆ. ಪೂರ್ತಿ ಓದಬೇಕಾದರೆ ಮೂರು ಸುತ್ತು ಬರಬೇಕು. ಮುಂದಿನ ಶತಮಾನದಲ್ಲಿ, ಈಗ ಆಂಧ್ರಪ್ರದೇಶದಲ್ಲಿರುವ ಲೇಪಾಕ್ಷಿಯ ದೇವಾಲಯದ ಒಳಛಾವಣಿಯ ಮೇಲೆ ಚಿತ್ರಕಾರರು ಕಿರಾತಾರ್ಜುನರ ಪ್ರಸಂಗವನ್ನು ಬಣ್ಣಗಳಲ್ಲಿ ಬಿಡಿಸಿದರು. ಸಂಸ್ಕೃತದಲ್ಲಿ ಭಾರವಿ, ಕನ್ನಡದಲ್ಲಿ ಪಂಪ ಮತ್ತು ಕುಮಾರವ್ಯಾಸ ಹೇಳಿದ ಪ್ರಸಂಗವದು.

ಚಿತ್ರ ಗ್ರಂಥದೊಳಕ್ಕೂ ಬಂತು. ಮೂಡುಬಿದಿರೆಯಲ್ಲಿ ಕಾಪಾಡಿಕೊಂಡು ಬಂದಿರುವ ‘ಧವಲಾ’ ಮೊದಲಾದ ಜೈನ ಆಗಮಗ್ರಂಥಗಳ ತಾಳೆಗರಿ ಪ್ರತಿಗಳು ಹೊಯ್ಸಳರ ಕಾಲದವು. ಅವುಗಳ ಭಾಷೆ ಮುಖ್ಯವಾಗಿ ಪ್ರಾಕೃತ, ಲಿಪಿ ಹಳಗನ್ನಡದ್ದು, ಅಂಚಿನಲ್ಲಿ ಬಣ್ಣದ ಚಿತ್ರಗಳು. ಗರಿಯ ಅಗಲ ಕೆಲವೇ ಅಂಗುಲವಾದುದರಿಂದ ಚಿತ್ರಕಾರನ ಗೆರೆಯೂ ಅಕ್ಷರದಷ್ಟೇ ಹಿಡಿತದಲ್ಲಿರಬೇಕಿತ್ತು. ಹೆಚ್ಚುಕಡಿಮೆ ಅದೇ ಕಾಲದಲ್ಲಿ, 1129ರ ಸುಮಾರಿಗೆ, ಕಲ್ಯಾಣದ ಚಾಲುಕ್ಯ ದೊರೆ ಮೂರನೆಯ ಸೋಮೇಶ್ವರ ಸಂಸ್ಕೃತದ ‘ಮಾನಸೋಲ್ಲಾಸ’ದಲ್ಲಿ ಗೋಡೆಯನ್ನು ಹದಮಾಡುವುದು, ಬಣ್ಣ, ಕುಂಚಗಳ ವಿಷಯವನ್ನು ವಿವರಿಸಿದ. 19ನೆಯ ಶತಮಾನದ ಮೈಸೂರಿನಲ್ಲಿ ಮುಮ್ಮಡಿ ಕೃಷ್ಣರಾಜ ಒಡೆಯರು ‘ಶ್ರೀತತ್ತ್ವನಿಧಿ’ಯನ್ನು ಸಿದ್ಧಪಡಿಸಿದರು. ಅದರ ಒಂಬತ್ತು ನಿಧಿಗಳಲ್ಲಿ ದೇವತೆಗಳ ಧ್ಯಾನಶ್ಲೋಕವೂ ಚಿತ್ರವೂ ಜೊತೆಜೊತೆಗಿವೆ. ಎಷ್ಟು ಕೈ, ಯಾವ ಬಣ್ಣ, ಯಾವ ಆಯುಧ ಎಂದು ಶ್ಲೋಕ ಹೇಳುತ್ತದೆ. ಚಿತ್ರ ಅದನ್ನು ಅಕ್ಷರಶಃ ಪಾಲಿಸುತ್ತದೆ.

ಅಚ್ಚಿನ ಕಾಲದಲ್ಲಿ ಚಿತ್ರಕಾರ ಪುಸ್ತಕದ ಓದುಗನಿಗೆ ಹತ್ತಿರವಾದ. ಕಲ್ಕತ್ತೆಯಲ್ಲಿ ಅವನೀಂದ್ರನಾಥ ಠಾಕೂರರ ಬಳಿ ಕಲಿತ ಮೈಸೂರಿನ ಕೆ. ವೆಂಕಟಪ್ಪನವರ ರಾಮಾಯಣ ಚಿತ್ರಗಳು 1913ರಲ್ಲಿ, ಸೋದರಿ ನಿವೇದಿತಾ ಮತ್ತು ಆನಂದ ಕುಮಾರಸ್ವಾಮಿಯವರ ಪುರಾಣಕಥೆಗಳ ಇಂಗ್ಲಿಷ್ ಪುಸ್ತಕದಲ್ಲಿ ಅಚ್ಚಾದವು. ಕಾದಂಬರಿಕಾರ ಶಿವರಾಮ ಕಾರಂತರು ‘ಭಾರತೀಯ ಚಿತ್ರಕಲೆ’ ಎಂಬ ಪುಸ್ತಕ ಬರೆದು ಕನ್ನಡಿಗರಿಗೆ ಚಿತ್ರ ನೋಡುವ ಬಗೆಯನ್ನು ತಿಳಿಸಿಕೊಟ್ಟರು. ಯು.ಆರ್. ಅನಂತಮೂರ್ತಿಯವರ ‘ಸಂಸ್ಕಾರ’ ಕಾದಂಬರಿ 1970ರಲ್ಲಿ ಚಲನಚಿತ್ರವಾದಾಗ ಅದರ ಕಲಾನಿರ್ದೇಶಕರು ವರ್ಣಚಿತ್ರಕಾರ ಎಸ್.ಜಿ. ವಾಸುದೇವ್.

ಶಿಲ್ಪವನ್ನು ಕಂಡು ಕಾವ್ಯ ಕಟ್ಟಿದ ಬೊಪ್ಪಣನ ದಾರಿಯೂ ಮುಂದುವರಿಯಿತು. ಸೋಮನಾಥಪುರದ ಗುಡಿಯನ್ನು ಕುರಿತು ಕುವೆಂಪು ಕವನ ಬರೆದರು. 1117ರಲ್ಲಿ ಪ್ರತಿಷ್ಠೆಯಾದ ಬೇಲೂರಿನ ಚೆನ್ನಕೇಶವ ದೇವಾಲಯದ ಮದನಿಕೆಯರನ್ನು ಕುರಿತು ಡಿ.ವಿ. ಗುಂಡಪ್ಪನವರು ‘ಅಂತಃಪುರಗೀತೆ’ ರಚಿಸಿದರು. ಕನ್ನಡಿ ಹಿಡಿದವಳು, ಗಿಳಿಯೊಡನೆ ನಿಂತವಳು, ನಾಟ್ಯದ ಭಂಗಿಯಲ್ಲಿರುವವಳು: ಒಬ್ಬೊಬ್ಬಳ ನಿಲುವಿನಲ್ಲೂ ಒಂದೊಂದು ಭಾವವನ್ನು ಕಂಡು, ಅದನ್ನು ರಾಗಕ್ಕೆ ಹೊಂದುವ ಹಾಡಾಗಿಸಿದರು. ಶಿಲ್ಪಿ ಕ್ಷಣವೊಂದರಲ್ಲಿ ಹಿಡಿದು ನಿಲ್ಲಿಸಿದ ಭಾವಕ್ಕೆ ಹಾಡಿನಲ್ಲಿ ಮತ್ತೆ ಚಲನೆ ಬಂತು. ಬೇಲೂರಿನ ಕಂಬಗಳ ಮೇಲಿರುವ ಆ ಮದನಿಕೆಯರು ಇಂದು ಸಂಗೀತ ಕಚೇರಿಗಳಲ್ಲೂ ನೃತ್ಯವೇದಿಕೆಯಲ್ಲೂ ಕಾಣಿಸಿಕೊಳ್ಳುತ್ತಾರೆ.