ಮಾತಿನಿಂದ ದೀಪ ಹತ್ತುತ್ತದೆಯೇ?

(ಹಾಸ್ಟೆಲ್ ಗೆಳೆಯರ ಸಭೆಯಲ್ಲಿ ಆಡಿದ ಮಾತುಗಳು)

ಮೊನ್ನೆ ರಾತ್ರಿ ಹಾಸ್ಟೆಲಿನಲ್ಲಿ ಮತ್ತೆ ಕರೆಂಟು ಹೋಯ್ತು. ಬೆಳಗಾದರೆ ಪರೀಕ್ಷೆ. ಪುಸ್ತಕ ಮಡಿಸಿಟ್ಟು ವರಾಂಡದಲ್ಲಿ ಬಂದು ಕೂತೆವು. ಕತ್ತಲೆಯಲ್ಲಿ ಮಾತೇ ಮಾತು. ಆಗ ನಮ್ಮಲ್ಲೊಬ್ಬ, "ಥೂ, ಇಷ್ಟು ಮಾತಾಡ್ತೀವಲ್ಲ, ಈ ಮಾತಿನಿಂದ ಒಂದು ಬಲ್ಬು ಹತ್ತೋ ಹಾಗಿದ್ರೆ!" ಅಂದ. ಎಲ್ಲರೂ ನಕ್ಕೆವು. ಆ ನಗೆಯನ್ನೇ ಹಿಡಿದುಕೊಂಡು ಇವತ್ತು ನಾಲ್ಕು ಮಾತು ಹೇಳ್ತೀವಿ.

ಅಂಥ ಯಂತ್ರ ಬಂತು ಅಂತಲೇ ಇಟ್ಟುಕೊಳ್ಳಿ. ಈ ಕಡೆ ಮಾತಾಡಿದರೆ ಆ ಕಡೆ ದೀಪ. ಅದರ ಮುಂದೆ ಮೊದಲು ಯಾರು ಕೂರ್ತಾರೆ? "ಮಂತ್ರಕ್ಕೆ ಶಕ್ತಿ ಇದೆ ಅಂತ ನಾವು ಮೊದಲೇ ಹೇಳಿರಲಿಲ್ಲವೆ?" ಅನ್ನುವವರೇ ಕೂರ್ತಾರೆ. ವೇದ ಕೇಳಿಸಿಕೊಂಡ ಶೂದ್ರನ ಕಿವಿಗೆ ಕಾದ ಲೋಹ ಮತ್ತು ಅರಗು ತುಂಬಬೇಕು, ಉಚ್ಚರಿಸಿದರೆ ನಾಲಗೆ ಕೊಯ್ಯಬೇಕು ಎಂದು ಗೌತಮ ಧರ್ಮಸೂತ್ರ ಬರೆದಿಟ್ಟಿದೆ. ಶೂದ್ರನಿಗೇ ಹೀಗಾದರೆ ಊರಾಚೆಯ ನಮ್ಮ ಪಾಡೇನು? ಆ ಯಂತ್ರಕ್ಕೂ ಮಡಿ ಉಡಿಸಿ ಒಳಗೆ ಇಟ್ಟುಕೊಳ್ತಾರೆ.

ಆದರೆ ಇದು ಬರೀ ಕನಸಲ್ಲ. 1878ರಲ್ಲಿ ಅಮೆರಿಕದ ಎಡಿಸನ್ ಮಾತಿನಿಂದ ತಿರುಗುವ ಯಂತ್ರವೊಂದನ್ನು ಮಾಡಿದ್ದ. ಕೊಳವೆಯಲ್ಲಿ ಮಾತಾಡಿದರೆ ತೆಳು ಪೊರೆ ಅದುರುತ್ತಿತ್ತು, ಆ ಅದುರುವಿಕೆ ಹಲ್ಲಿನ ಚಕ್ರವನ್ನು ತಳ್ಳುತ್ತಿತ್ತು. ಹಡಗುಗಳಲ್ಲಿ ಬ್ಯಾಟರಿಯೇ ಬೇಡದ ಟೆಲಿಫೋನುಗಳುಂಟು. ಆಡಿದವನ ದನಿಯೇ ಆಯಸ್ಕಾಂತ ಮತ್ತು ತಂತಿಸುರುಳಿಯ ನಡುವೆ ವಿದ್ಯುತ್ ಹುಟ್ಟಿಸಿ ಮಾತನ್ನು ಆ ತುದಿಗೆ ಮುಟ್ಟಿಸುತ್ತದೆ.

ಹಾಗಾದರೆ ನಮ್ಮ ಬಲ್ಬು ಯಾಕೆ ಹತ್ತೋದಿಲ್ಲ? ಲೆಕ್ಕ ಹಾಕಿ ನೋಡೋಣ. ಒಬ್ಬ ಮನುಷ್ಯ ಸಾಧಾರಣ ದನಿಯಲ್ಲಿ ಮಾತಾಡಿದರೆ ಹೊರಡುವ ಶಬ್ದಶಕ್ತಿ ಸುಮಾರು 10 ಮೈಕ್ರೋವಾಟ್. ಅಂದ್ರೆ ಒಂದು ವಾಟನ್ನು ಒಂದು ಲಕ್ಷ ಪಾಲು ಮಾಡಿದರೆ ಅದರಲ್ಲಿ ಒಂದು ಪಾಲು. 60 ವಾಟಿನ ಒಂದೇ ಒಂದು ಬಲ್ಬಿಗೆ 60 ಲಕ್ಷ ಜನ ಒಟ್ಟಿಗೆ ಮಾತಾಡಬೇಕು, ಅದೂ ಚೂರೂ ಪೋಲಾಗದ ಹಾಗೆ!

ಈ ಲೆಕ್ಕದಲ್ಲಿ ಒಂದು ನ್ಯಾಯವಿದೆ. ಶಾಸ್ತ್ರಿಗಳ ಶ್ಲೋಕಕ್ಕೂ ನಮ್ಮವ್ವ ಕೇರಿಯಲ್ಲಿ ನಿಂತು ಕೋಳಿ ಕರೆಯುವ ಕೂಗಿಗೂ ಒಂದೇ ತಕ್ಕಡಿ. ದನಿ ಜೋರಿದ್ದರೆ ಅವ್ವನದೇ ಹೆಚ್ಚು ತೂಗುತ್ತದೆ. ಅದುರುವ ಪೊರೆಗೆ ಜಾತಿ ಗೊತ್ತಿಲ್ಲ.

ಜಾತಿ ಗೊತ್ತಿರೋದು ತಂತಿ ಎಳೆಯುವವರಿಗೆ. 1902ರಲ್ಲಿ ಶಿವನಸಮುದ್ರದಲ್ಲಿ ಹುಟ್ಟಿದ ಕರೆಂಟು ಮೊದಲು ಹೋದದ್ದು ಸುಮಾರು 147 ಕಿಲೋಮೀಟರ್ ದೂರದ ಕೋಲಾರ ಚಿನ್ನದ ಗಣಿಗೆ. 1905ರಲ್ಲಿ ಬೆಂಗಳೂರಿನ ಬೀದಿಗೆ ದೀಪ ಬಂತು. ಆ ಗಣಿಯ ಆಳಕ್ಕೆ ಇಳಿದವರಲ್ಲಿ ಬಹಳ ಮಂದಿ ತಮಿಳು ಸೀಮೆಯಿಂದ ಬಂದ ದಲಿತರು. 2001ರಲ್ಲಿ ಗಣಿ ಮುಚ್ಚಿತು. ಚಿನ್ನ ಎಲ್ಲಿಗೋ ಹೋಯ್ತು, ದೂಳು ಅವರ ಎದೆಯಲ್ಲಿ ಉಳೀತು. ಊರಿಗೆ ದೀಪ ಬಂದು ಎಷ್ಟೋ ವರ್ಷವಾದ ಮೇಲೂ ನಮ್ಮ ಎಷ್ಟೋ ಕೇರಿಗಳಲ್ಲಿ ಬುಡ್ಡಿದೀಪವೇ ಉರಿಯುತ್ತಿತ್ತು. ಶಕ್ತಿ ಇರಲಿಲ್ಲ ಅಂತಲ್ಲ, ಅದು ನಮ್ಮ ಕಡೆ ತಿರುಗಲಿಲ್ಲ.

ಹಾಗಾದರೆ ಮಾತಿನಿಂದ ಏನೂ ಆಗೋದಿಲ್ಲವೆ? ಹಳೇ ಟೆಲಿಫೋನಿನ ಬಾಯಿಯೊಳಗೆ ಇಂಗಾಲದ ಸಣ್ಣ ಹರಳು ತುಂಬಿರುತ್ತಿದ್ದರು. ಮಾತು ಆ ಹರಳನ್ನು ಒತ್ತಿದಾಗ ಬ್ಯಾಟರಿಯ ಕರೆಂಟು ಹೆಚ್ಚು ಹರಿಯುತ್ತಿತ್ತು, ಸಡಿಲಿಸಿದಾಗ ಕುಗ್ಗುತ್ತಿತ್ತು. ಅಲ್ಲಿ ಶಕ್ತಿ ಬ್ಯಾಟರಿಯದು. ಮಾತು ಅದಕ್ಕೆ ದಾರಿ ಬಿಡುತ್ತಿತ್ತು, ಅಷ್ಟೆ.

1973ರ ನವೆಂಬರಿನಲ್ಲಿ ಮೈಸೂರಿನಲ್ಲಿ ಮಂತ್ರಿ ಬಿ. ಬಸವಲಿಂಗಪ್ಪನವರು ಕನ್ನಡ ಸಾಹಿತ್ಯದ ಬಗ್ಗೆ 'ಬೂಸಾ' ಎಂಬ ಮಾತು ಆಡಿದರು. ಎರಡೇ ಅಕ್ಷರ! ನಾಡೆಲ್ಲ ಹೊತ್ತಿಕೊಂಡಿತು. ದಲಿತ ವಿದ್ಯಾರ್ಥಿಗಳ ಮೇಲೆ ಹಲ್ಲೆಗಳಾದವು, ಅವರು ಮಂತ್ರಿಗಿರಿ ಬಿಡಬೇಕಾಯ್ತು. ಅಷ್ಟು ಬೆಂಕಿ ಎರಡಕ್ಷರದಲ್ಲಿ ಇತ್ತೆ? ಇಲ್ಲ. ಆ ಕಡೆ ಕೂಡಿಟ್ಟ ದ್ವೇಷವಿತ್ತು, ಈ ಕಡೆ ಕೂಡಿಟ್ಟ ಸಂಕಟವಿತ್ತು. ದ್ವೇಷ ಕಲ್ಲಾಗಿ ಬಂತು. ಸಂಕಟ ಸಂಘಟನೆಯಾಯ್ತು.

1927ರ ಮಾರ್ಚ್ 20ರಂದು ಮಹಾಡಿನಲ್ಲಿ ಬಾಬಾಸಾಹೇಬರ ಜೊತೆ ಜನ ಸಾಲುಗಟ್ಟಿ ನಡೆದುಹೋಗಿ ಚವದಾರ್ ಕೆರೆಯ ನೀರು ಮುಟ್ಟಿದರು. ಸಭೆಯಲ್ಲಿ ಆಡಿದ ಮಾತು ಅಲ್ಲಿ ಕಾಲಿಗೆ ಇಳಿದಿತ್ತು.

ಗೆಳೆಯರೆ, ನಮ್ಮ ಮೇಲೇ ನಮಗೆ ಒಂದು ದೂರಿದೆ. ನಾವು ಪದ್ಯ ಬರೀತೀವಿ, ಮೈಕು ಸಿಕ್ಕರೆ ಬಿಡೋದಿಲ್ಲ, ಚಪ್ಪಾಳೆ ಬಿದ್ದರೆ ಕ್ರಾಂತಿ ಆಯ್ತು ಅಂತ ಮಲಗ್ತೀವಿ. ಬ್ಯಾಟರಿ ಖಾಲಿ ಇದ್ದರೆ ಎಷ್ಟು ಕೂಗಿದರೂ ಆ ತುದಿಗೆ ಏನೂ ಕೇಳೋದಿಲ್ಲ. ಓದು, ಒಗ್ಗಟ್ಟು, ಕೇರಿಗೆ ಹೋಗಿ ಅಪ್ಪ ಅವ್ವಂದಿರ ಮಾತನ್ನು ಕೂತು ಕೇಳೋದು, ಇವೇ ನಮ್ಮ ಬ್ಯಾಟರಿ. ಅದನ್ನು ತುಂಬುವ ಕೆಲಸಕ್ಕೆ ಚಪ್ಪಾಳೆ ಸಿಗೋದಿಲ್ಲ.

ಈಗ ಒಂದು ಸಣ್ಣ ಕೆಲಸ. ನಮ್ಮ ಹಾಸ್ಟೆಲಿನ ದೀಪದ ಬಗ್ಗೆ ಒಂದು ಅರ್ಜಿ ಬರೆದು ತಂದಿದ್ದೇವೆ. ಒಬ್ಬೊಬ್ಬರೇ ಹೋಗಿ ಗೊಣಗಿ ಬಂದದ್ದು ಸಾಕು. ಎಲ್ಲರೂ ಸಹಿ ಹಾಕಿ. ನಾಳೆ ಹತ್ತು ಗಂಟೆಗೆ ಎಲ್ಲರೂ ಒಟ್ಟಿಗೆ ಹೋಗೋಣ. ಅಲ್ಲಿ ಒಬ್ಬ ಮಾತಾಡಿದರೆ ಸಾಕು, ಉಳಿದವರು ಅವನ ಹಿಂದೆ ನಿಂತಿರಬೇಕು.

ಜೈ ಭೀಮ್.