ಅವ್ವನ ದೂರು ನಾವೇ ಬರೆಯೋಣ
(ಭೀಮನಬೀಡಿನಲ್ಲಿ ಹಾಸ್ಟೆಲ್ ವಿದ್ಯಾರ್ಥಿಗಳ ಮುಂದೆ ಆಡಿದ ಮಾತು)

ಗೆಳೆಯರೇ,

ಹೊಲದ ಬದುವಿನ ಮೇಲೆ ನಿಂತು ಅವನು "ಕಾಲಿಟ್ರೆ ಕಡೀತೀನಿ" ಅಂತಾನೆ. ಅವ್ವ ಅಪ್ಪ ಠಾಣೆಗೆ ಓಡ್ತಾರೆ. ಅಲ್ಲಿ "ಇದು ಸಿವಿಲ್ ವ್ಯಾಜ್ಯ, ಕೋರ್ಟಿಗೆ ಹೋಗ್ರಿ" ಅಂತ ಅಟ್ಟುತ್ತಾರೆ. ಈ ಮಾತು ನಾವೆಲ್ಲ ಕೇಳಿದ್ದೇವೆ.

ಇದು ಅರ್ಧ ಸತ್ಯ. ಹೊಲ ಯಾರದು ಅನ್ನೋದು ಸಿವಿಲ್. ಕೊಲೆ ಬೆದರಿಕೆ ಅಪರಾಧ. ಪರಿಶಿಷ್ಟನಲ್ಲದವನು ನಮ್ಮ ಹೊಲವನ್ನು ಅಕ್ರಮವಾಗಿ ಕಸಿದರೆ ಅದೂ 1989ರ ದೌರ್ಜನ್ಯ ತಡೆ ಕಾಯ್ದೆಯಲ್ಲಿ ಅಪರಾಧವೇ. ಆ ಕಾಯ್ದೆಯಡಿ ಎಫ್.ಐ.ಆರ್. ಹಾಕಲು ಪೂರ್ವ ವಿಚಾರಣೆ ಬೇಕಿಲ್ಲವೆಂದು 2018ರ ತಿದ್ದುಪಡಿ ಹೇಳಿದೆ.

ಠಾಣೆಯಲ್ಲಿ ದೂರು ತಗೊಳ್ಳದಿದ್ದರೆ? ಅದನ್ನೇ ಅಂಚೆಯಲ್ಲಿ ಚಾಮರಾಜನಗರದ ಎಸ್.ಪಿ.ಗೆ ಕಳಿಸಿ, ರಸೀದಿ ಇಟ್ಟುಕೊಳ್ಳಿ. ಅಲ್ಲೂ ಅಲುಗದಿದ್ದರೆ ಅಫಿಡವಿಟ್ ಸಮೇತ ಮ್ಯಾಜಿಸ್ಟ್ರೇಟರಿಗೆ ಅರ್ಜಿ ಹಾಕಿ. 2024ರ ಜುಲೈ 1ರಿಂದ ಜಾರಿಗೆ ಬಂದ ನಾಗರಿಕ ಸುರಕ್ಷಾ ಸಂಹಿತೆಯ 173, 175ನೇ ಕಲಮುಗಳು ಈ ದಾರಿ ಕೊಟ್ಟಿವೆ. ಬೇಕೆಂದೇ ಕರ್ತವ್ಯ ಬಿಟ್ಟ ಪರಿಶಿಷ್ಟನಲ್ಲದ ಅಧಿಕಾರಿಗೆ 1989ರ ಕಾಯ್ದೆಯ 4ನೇ ಕಲಮಿನಲ್ಲಿ 6 ತಿಂಗಳಿಂದ 1 ವರ್ಷದವರೆಗೆ ಜೈಲುಂಟು.

ಸರ್ಕಾರ ಮಂಜೂರು ಮಾಡಿದ ಜಮೀನು ಅನುಮತಿಯಿಲ್ಲದೆ ಪರಭಾರೆ ಆಗಿದ್ದರೆ, 1978ರ ಪಿ.ಟಿ.ಸಿ.ಎಲ್. ಕಾಯ್ದೆಯಡಿ ಎ.ಸಿ.ಯವರಿಗೆ ಅರ್ಜಿ ಕೊಡಿ. ಇದಕ್ಕೆ ಕಾಲಮಿತಿ ಇಲ್ಲವೆಂದು 2023ರ ತಿದ್ದುಪಡಿ ಹೇಳಿದೆ. ಆದರೂ ತಡಮಾಡಬೇಡಿ. ವಕೀಲರ ಫೀಸಿಗೆ ಹೆದರಬೇಡಿ, ತಾಲ್ಲೂಕು ಕಾನೂನು ಸೇವಾ ಸಮಿತಿಯಲ್ಲಿ ನಮಗೆ ನೆರವು ಉಚಿತ.

ಬಾಯಿಮಾತು ಗಾಳಿಗೆ ಹೋಗುತ್ತೆ, ಕಾಗದ ಉಳಿಯುತ್ತೆ. ರಜಕ್ಕೆ ಊರಿಗೆ ಹೋದಾಗ ಅವ್ವನ ದೂರು ನಾವೇ ಬರೆಯೋಣ: ದಿನ, ಗಂಟೆ, ಜಾಗ, ಅವನಂದ ಮಾತು, ಕಂಡವರ ಹೆಸರು. ಎಫ್.ಐ.ಆರ್. ಪ್ರತಿ ಕೇಳಿ ಪಡೆಯೋಣ, ಅದಕ್ಕೆ ಕಾಸು ಕೊಡಬೇಕಿಲ್ಲ. ಕಲಿತ ಅಕ್ಷರ ಮೊದಲು ನಮ್ಮ ಹೊಲಕ್ಕೆ ಬೇಲಿಯಾಗಲಿ.

ಜೈಭೀಮ್.