ಮೂರು ಸೂತಿನ ಓರೆ

ದಸರೆಯ ಬನ್ನಿ ಕೊಟ್ಟು ಬಂಗಾರದಂಗಿರೋಣ ಅಂದದ್ದಾಯಿತು. ಈಗ ದೀಪಾವಳಿಗೆಂದು ಓಣಿಯ ತುಂಬ ಗೋಡೆಯದೇ ಮಾತು. ಯಾರ ಮನೆಗೆ ಸುಣ್ಣ, ಯಾರ ಮನೆಗೆ ಡಿಸ್ಟೆಂಪರ್, ಯಾರು ಈ ಸಲ ಪುಟ್ಟಿ ಹಚ್ಚಿಸುತ್ತಾರೆ, ಪೇಂಟರ್ ಯಾವತ್ತು ಬರುತ್ತೇನೆ ಅಂದಿದ್ದಾನೆ. ಈ ಗಡಿಬಿಡಿಯ ನಡುವೆ ಎದುರು ಮನೆಯ ಹುಡುಗ ಬಣ್ಣದ ಡಬ್ಬಿಯ ಜೊತೆಗೆ ಒಂದು ಹೊರೆ ಕಟ್ಟಿಗೆಯ ಪಟ್ಟಿಗಳನ್ನೂ ತಂದು ಪಡಸಾಲೆಯಲ್ಲಿ ಒರಗಿಸಿದ. ಬೋರ್ಡ್ ಅಂಡ್ ಬ್ಯಾಟನ್ ಗೋಡೆ ಅಂತ ಮೊಬೈಲಿನಲ್ಲಿ ನೀವೂ ನೋಡಿರುತ್ತೀರಿ. ಮನೆಯ ಒಂದೇ ಒಂದು ಗೋಡೆಯನ್ನು ಆರಿಸಿಕೊಂಡು, ಮೇಲಿನಿಂದ ಕೆಳಗಿನವರೆಗೆ ಸಮ ಅಂತರದಲ್ಲಿ ಪಟ್ಟಿ ಬಡಿದು, ಪಟ್ಟಿಗೂ ಗೋಡೆಗೂ ಒಂದೇ ಗಾಢ ಬಣ್ಣ ಹಚ್ಚುವುದು. ಕಿಟಕಿಯ ಬೆಳಕು ಅಡ್ಡ ಬಿದ್ದಾಗ ಪ್ರತಿ ಪಟ್ಟಿಯ ಮಗ್ಗುಲಿಗೂ ಒಂದು ತೆಳ್ಳನೆಯ ನೆರಳು ನಿಲ್ಲುತ್ತದೆ. ಆ ಗೋಡೆಯ ಚೆಂದವೆಲ್ಲ ಆ ನೆರಳಿನದೇ. ಯಾರನ್ನೂ ಕರೆಯುವುದಿಲ್ಲ, ನಾನೇ ಮಾಡುತ್ತೇನೆ ಅಂದ. ಅವನ ಆ ಮಾತು ನನಗೆ ಬಹಳ ಸೇರಿತು.

ಲೆಕ್ಕವನ್ನು ಅವನು ಚೊಕ್ಕವಾಗಿಯೇ ಮಾಡಿಕೊಂಡಿದ್ದ. ಮೂಲೆಯಿಂದ ಬಾಗಿಲ ಚೌಕಟ್ಟಿನವರೆಗೆ ಗೋಡೆ 10 ಅಡಿ, ಅಂದರೆ 120 ಇಂಚು. ಎರಡಿಂಚು ಅಗಲದ ಪಟ್ಟಿಗಳು 9, ಎರಡೂ ತುದಿಗೆ ಒಂದೊಂದು ಬರುವ ಹಾಗೆ. ಪಟ್ಟಿಗಳೇ 18 ಇಂಚು ನುಂಗಿದವು. ಉಳಿದ 102 ಇಂಚನ್ನು 8 ಸಂದುಗಳಿಗೆ ಹಂಚಿದರೆ ಒಂದೊಂದಕ್ಕೆ 12 ಇಂಚು 6 ಸೂತು. ಸೂತು ಅಂದರೆ ನಮ್ಮ ಬಡಿಗೇರರ, ಗೌಂಡಿಗಳ ಅಳತೆ. ಇಂಚಿನ ಎಂಟನೆಯ ಒಂದು ಪಾಲು. ನೆಲದ ಹತ್ತಿರ ಟೇಪು ಹಿಡಿದು ಪೆನ್ಸಿಲಿನಿಂದ ಗುರುತು ಹಾಕುತ್ತ ಹೋದ, ಎಲ್ಲ ಕೂಡಿ ಬಂತು. ಸ್ಟೂಲು ಹತ್ತಿ ಮಾಳಿಗೆಯ ಹತ್ತಿರ ಅಳೆದರೆ ಅದೇ ಗೋಡೆ 10 ಅಡಿಗೆ 3 ಸೂತು ಕಡಿಮೆ.

ಮತ್ತೆ ಅಳೆದ. ಮತ್ತೂ ಅಷ್ಟೇ. ಆಮೇಲೆ ಒಳಂಬಾ ಇಳಿಬಿಟ್ಟ. ದಾರದ ತುದಿಗೆ ಕಟ್ಟಿದ ತೂಕದ ಗುಂಡು, ಅಷ್ಟೇ ಅದು. ಭೂಮಿ ಯಾವ ಕಡೆ ಎಳೆಯುತ್ತದೋ ಆ ಗೆರೆಯನ್ನು ತೋರಿಸಿ ಸುಮ್ಮನೆ ನಿಲ್ಲುತ್ತದೆ. ಮೂಲೆಯಲ್ಲಿ ದಾರ ಮತ್ತು ಗೋಡೆ ಕೂಡಿಯೇ ಇಳಿದವು. ಬಾಗಿಲ ಚೌಕಟ್ಟಿನ ಮಗ್ಗುಲಿಗೆ ಬಿಟ್ಟಾಗ, ಮೇಲೆ ಕಟ್ಟಿಗೆಗೆ ತಾಗಿಕೊಂಡಿದ್ದ ದಾರ ಕೆಳಗೆ ಬರುವಷ್ಟರಲ್ಲಿ 3 ಸೂತು ದೂರ ಸರಿದಿತ್ತು. ಚೌಕಟ್ಟು ಗೋಡೆಯ ಕಡೆಗೆ ತಲೆ ವಾಲಿಸಿ ನಿಂತಿದೆ. ಹುಡುಗ ಅದೇ ಮನೆಯಲ್ಲಿ ಹುಟ್ಟಿ ಬೆಳೆದವನು. ಅದೇ ಬಾಗಿಲಿನಿಂದ ಶಾಲೆಗೆ ಓಡಿದವನು, ಅದೇ ಬಾಗಿಲಿಗೆ ತೋರಣ ಕಟ್ಟಿದವನು. ಈ ಓರೆ ಅವನಿಗೆ ಒಂದು ದಿನವೂ ಕಂಡಿರಲಿಲ್ಲ. ಆ ಗೋಡೆಗೆ ಮುಖ ಮಾಡಿ ಎಷ್ಟೋ ಸಂಜೆ ಚಹಾ ಕುಡಿದ ನನಗೂ ಕಂಡಿರಲಿಲ್ಲ. ಕಣ್ಣು ಅದನ್ನು ಒಪ್ಪಿಕೊಂಡುಬಿಟ್ಟಿತ್ತು. ಅದರ ಪಕ್ಕದಲ್ಲಿ ನೇರವಾದದ್ದೊಂದನ್ನು ಇಡುವವರೆಗೆ ಯಾರಿಗೂ ತಿಳಿಯುತ್ತಿರಲಿಲ್ಲ.

ಈ ಓರೆಗೆ ಕಟ್ಟಿದ ಗೌಂಡಿಯನ್ನು ದೂರಬೇಕಾಗಿಲ್ಲ ಅನ್ನಿಸುತ್ತದೆ. ನಮ್ಮ ಹುಬ್ಬಳ್ಳಿ-ಧಾರವಾಡ ಅವಳಿ ನಗರ ಎರಡು ತರದ ನೆಲಗಳ ನಡುವೆ ಕೂತಿದೆ. ಪಡುವಣಕ್ಕೆ ಕಲಘಟಗಿ, ಹಳಿಯಾಳದ ಕಡೆ ಹೊರಟರೆ ಕೆಂಪು ಮಣ್ಣು, ಅರೆಮಲೆನಾಡು. ಮೂಡಣಕ್ಕೆ ಹುಬ್ಬಳ್ಳಿ ದಾಟಿ ನವಲಗುಂದ, ಅಣ್ಣಿಗೇರಿಯ ಕಡೆ ನಡೆದರೆ ಕಣ್ಣು ಹಾಯುವವರೆಗೆ ಎರೆಭೂಮಿ. ಹತ್ತಿ, ಬಿಳಿಜೋಳ, ಕಡಲೆ ಬೆಳೆಯುವವರಿಗೆ ಅದಕ್ಕಿಂತ ಒಳ್ಳೆಯ ಮಣ್ಣಿಲ್ಲ. ಮನೆ ಕಟ್ಟುವವರಿಗೆ ಅದಕ್ಕಿಂತ ಕಷ್ಟದ ಮಣ್ಣೂ ಇಲ್ಲ. ಮಳೆ ಕುಡಿದರೆ ಉಬ್ಬುತ್ತದೆ, ಒಣಗಿದರೆ ಕುಗ್ಗುತ್ತದೆ. ಏಪ್ರಿಲ್ ತಿಂಗಳಲ್ಲಿ ಹೊಲದ ಬಿರುಕಿನೊಳಗೆ ಅಂಗೈ ಇಳಿಸಬಹುದು. ಅದರಲ್ಲಿರುವ ಮಾಂಟ್‌ಮೊರಿಲೊನೈಟ್ ಎಂಬ ಜೇಡಿ ಖನಿಜದ ಪದರುಗಳ ನಡುವೆ ನೀರು ಹೊಕ್ಕು ಪದರುಗಳನ್ನೇ ದೂರ ಸರಿಸುತ್ತದೆ. ಅಂಥ ನೆಲದ ಮೇಲಿನ ಮನೆ ಪ್ರತಿ ಮಳೆಗಾಲಕ್ಕೆ ಒಂದಿಷ್ಟು ಏಳುತ್ತದೆ, ಪ್ರತಿ ಬೇಸಿಗೆಗೆ ಒಂದಿಷ್ಟು ಇಳಿಯುತ್ತದೆ. ಎಲ್ಲ ಮೂಲೆಯಲ್ಲೂ ಒಂದೇ ಸಮ ಅಲ್ಲ. ಕಿಟಕಿಯ ಮೂಲೆಯಿಂದ ಓರೆಯಾಗಿ ಹತ್ತುವ ಬಿರುಕು ಬರುವುದು ಹಾಗೆ. ಹಳಬರು ಪಾಯದ ಎರೆಮಣ್ಣನ್ನು ಪೂರ್ತಿ ತೆಗೆದು ಗರಸು ತುಂಬುತ್ತಿದ್ದರು. ಸ್ವಾತಂತ್ರ್ಯ ಬಂದ ಮೇಲೆ ರೂರ್ಕಿಯ ಕೇಂದ್ರೀಯ ಕಟ್ಟಡ ಸಂಶೋಧನಾ ಸಂಸ್ಥೆಯವರು ಇಂಥ ಮಣ್ಣಿಗೆಂದೇ ತಳ ಅಗಲವಾದ ಕಾಂಕ್ರೀಟ್ ಕಂಬದ ಪಾಯವನ್ನು ರೂಪಿಸಿದರು. ಮೇಲಿನ ಮಣ್ಣು ಏಳಲಿ ಇಳಿಯಲಿ, ಕಂಬ ಕೆಳಗಿನ ಅಲುಗದ ಪದರನ್ನು ಹಿಡಿದು ನಿಲ್ಲುತ್ತದೆ. ಎದುರು ಮನೆ ಅದಕ್ಕೂ ಹಿಂದಿನದು. ಇಷ್ಟು ವರ್ಷ ನೆಲದ ಜೊತೆ ಏಗಿ ಬರೀ 3 ಸೂತು ವಾಲಿದೆ ಅಂದರೆ ಆ ಗೌಂಡಿಗೆ ಕೈ ಮುಗಿಯಬೇಕು.

ಇರಲಿ. ಈಗ ಬಾಗಿಲ ಮಗ್ಗುಲಿನ ಪಟ್ಟಿ ಯಾರ ಮಾತು ಕೇಳಬೇಕು? ದಾರದ ಮಾತೋ, ಬಾಗಿಲಿನ ಮಾತೋ?

ದಾರದ ಮಾತು ಕೇಳಿ ಚೌಕಟ್ಟಿಗೆ ಹೊಂದಿ ನಿಲ್ಲಿಸಿದರೆ, ಮೇಲೆ ಮುಚ್ಚಿ ಕೆಳಗೆ ಬಾಯಿ ಬಿಟ್ಟ ಒಂದು ಸಂದು ಕಾಣುತ್ತದೆ. ಬಂದವರೆಲ್ಲ ಪಟ್ಟಿ ಸೊಟ್ಟ ಕೂತಿದೆ ಅನ್ನುತ್ತಾರೆ. ಅಲ್ಲಿ ನೇರ ನಿಂತದ್ದು ಆ ಪಟ್ಟಿಯೇ, ಆದರೂ ಹೆಸರು ಕೆಡುವುದು ಅದರದೇ. ಬಾಗಿಲಿನ ಮಾತು ಕೇಳಿದರೆ ಆ ಪಟ್ಟಿ ಲಕ್ಷಣವಾಗಿ ಕೂರುತ್ತದೆ. ಅದನ್ನು ನೋಡಿ ಪಕ್ಕದ್ದು, ಅದನ್ನು ನೋಡಿ ಆಚೆಯದು, ಎಲ್ಲವೂ ವಾಲುತ್ತ ಹೋಗಿ ಕೊನೆಗೆ ಮೂಲೆಯಲ್ಲಿ ಸಿಕ್ಕಿಬೀಳುತ್ತವೆ. ಇನ್ನೊಂದು ದಾರಿಯೂ ಇದೆ. ಇದ್ದ ಓರೆಯನ್ನು ಎಲ್ಲ ಪಟ್ಟಿಗಳಿಗೂ ಕೂದಲೆಳೆಯಷ್ಟು ಹಂಚಿಬಿಡುವುದು. ಕೇಳಲು ನ್ಯಾಯವಾಗಿದೆ. ಆದರೆ ಆಗ ಮೂಲೆಯದೊಂದು ಬಿಟ್ಟು ಯಾವ ಪಟ್ಟಿಯೂ ನೇರವಿರುವುದಿಲ್ಲ.

ಹುಡುಗ ಕೆಲಸ ನಿಲ್ಲಿಸಿ ಹಿಂದಿನ ಓಣಿಯ ಬಡಿಗೇರ ಅಜ್ಜನನ್ನು ಕರೆತಂದ. ಉಳಿ, ಬಾಚಿ ಕೆಳಗಿಟ್ಟು ಎಷ್ಟೋ ವರ್ಷವಾದ ಅಜ್ಜ ಕೋಲು ಊರಿಕೊಂಡು ಬಂದರು. ಒಂದು ಕಣ್ಣು ಮುಚ್ಚಿ ದಾರದ ಗುಂಟ ಚೌಕಟ್ಟನ್ನು ನೋಡಿದರು. ಗೋಡೆಯ ಮೇಲೆ ಅಂಗೈ ಆಡಿಸಿದರು. “ಬಾಗಲದ ಮಗ್ಗಲಿನ ಪಟ್ಟಿ ತಗದಬಿಡೋ ತಮ್ಮಾ, ಅಲ್ಲೆ ಬ್ಯಾಡ ಅದು” ಅಂದರು. ಅಷ್ಟೇ ಅವರ ಮಾತು. ಆಮೇಲೆ ಚಹಾ ಬಂತು, ಅಜ್ಜ ಊರಿನ ಸುದ್ದಿಗೆ ಕೂತರು.

ಹುಡುಗ ಮತ್ತೆ ಪೆನ್ಸಿಲ್ ತೆಗೆದ. ಪಟ್ಟಿ 8 ಆದರೆ 16 ಇಂಚು. ಉಳಿದದ್ದು 104. ಸಂದು 8. ಒಂದೊಂದಕ್ಕೆ ಸರಿಯಾಗಿ 13 ಇಂಚು, ಸೂತಿನ ತಂಟೆಯೇ ಇಲ್ಲ! ಮೂಲೆಯಿಂದ ಅಳೆಯುತ್ತ ಬಂದರೆ ಎಂಟೂ ಪಟ್ಟಿ ದಾರಕ್ಕೆ ಸಮ. ಬಾಗಿಲ ಮಗ್ಗುಲಿನ ಕೊನೆಯ ಬಯಲು ಮಾತ್ರ ಕೆಳಗೆ 13 ಇಂಚು, ಮೇಲೆ 12 ಇಂಚು 5 ಸೂತು. ಹದಿಮೂರು ಇಂಚಿನ ಬಯಲಿನಲ್ಲಿ 3 ಸೂತಿನ ಏರುಪೇರು ಯಾರ ಕಣ್ಣಿಗೂ ಬೀಳುವುದಿಲ್ಲ. ಅರ್ಧ ಇಂಚಿನ ಸಂದಿನಲ್ಲಾಗಿದ್ದರೆ ಅದೇ 3 ಸೂತು ಬಾಗಿಲಿನಲ್ಲೇ ನಿಂತು ಕೂಗುತ್ತಿತ್ತು.

ಓರೆ ಎಲ್ಲೂ ಹೋಗಲಿಲ್ಲ. ಆ ಮನೆಯಲ್ಲೇ ಇದೆ. ಅದಕ್ಕೆ ಕೂರಲು ಅಗಲವಾದ ಜಾಗ ಸಿಕ್ಕಿತು.

ಈ ವಾರವೆಲ್ಲ ನನಗೆ ಅದೇ ಗುಂಗು. ಇದನ್ನು ಮನುಷ್ಯರ ಬಾಳಿಗೆ ಎಳೆದು ತರಬೇಕು ಅನ್ನಿಸುತ್ತದೆ, ಎಳೆದರೆ ಪೂರ್ತಿ ಬರುವುದಿಲ್ಲ ಅಂತಲೂ ಅನ್ನಿಸುತ್ತದೆ. ಕೂಡು ಕುಟುಂಬದ ಮನೆಗಳಲ್ಲಿ ಇಬ್ಬರಿಗೆ ಹೊಂದದೆ ಹೋದಾಗ, ಹಿರಿಯರು ಇಬ್ಬರಲ್ಲಿ ಯಾರನ್ನೂ ತಿದ್ದಲು ಹೋಗದೆ, ಒಬ್ಬರ ಕೋಣೆಯನ್ನು ಸುಮ್ಮನೆ ಹಿತ್ತಲ ಕಡೆಗೆ ಬದಲಿಸಿದ್ದನ್ನು ನೋಡಿದ್ದೇನೆ. ಆಗ ಅದು ಜಾಣತನ ಅನ್ನಿಸಿರಲಿಲ್ಲ, ಮಾತು ತಪ್ಪಿಸಿಕೊಳ್ಳುವುದು ಅನ್ನಿಸಿತ್ತು. ಈಗ ಅಷ್ಟು ಖಾತ್ರಿಯಾಗಿ ಹೇಳಲಾರೆ.

ಈ ಪಟ್ಟಿಗಳು ಹುಟ್ಟಿದ್ದೂ ಅಂತರದಿಂದಲೇ. ಈ ಗೋಡೆ ಅಮೆರಿಕದಲ್ಲಿ ಹೆಸರಾದದ್ದು ಹೊರಗಿನ ಗೋಡೆಯಾಗಿ; ಕಣಜಗಳಿಗೆ, ಹಳ್ಳಿಮನೆಗಳಿಗೆ. ಅಗಲವಾದ ಹಲಗೆಗಳನ್ನು ನೆಟ್ಟಗೆ ನಿಲ್ಲಿಸಿ, ಎರಡು ಹಲಗೆಗಳ ನಡುವೆ ಬೇಕೆಂದೇ ಸಂದು ಬಿಡುತ್ತಿದ್ದರು. ಕಟ್ಟಿಗೆ ತಂಪು ಕುಡಿದರೆ ಅಗಲಕ್ಕೆ ಹಿಗ್ಗುತ್ತದೆ, ಒಣಗಿದರೆ ಕುಗ್ಗುತ್ತದೆ. ಉದ್ದಕ್ಕೆ ಹೆಚ್ಚೂಕಡಿಮೆ ಏನೂ ಆಗುವುದಿಲ್ಲ. ಸಂದಿಲ್ಲದೆ ಬಿಗಿದರೆ ಹಲಗೆ ಸೀಳುತ್ತದೆ ಇಲ್ಲವೇ ಡೊಂಕಾಗುತ್ತದೆ. ಆ ಸಂದಿನೊಳಗೆ ಮಳೆ ಗಾಳಿ ಹೊಗದಂತೆ ಮೇಲೊಂದು ಸಣ್ಣ ಪಟ್ಟಿ. ಪಟ್ಟಿಯ ಮೊಳೆ ಹಲಗೆಗೆ ತಾಗಬಾರದು, ಸಂದಿನಲ್ಲಿ ಹಾದು ಹಿಂದಿನ ಅಡ್ಡಕಟ್ಟಿಗೆಯನ್ನು ಕಚ್ಚಬೇಕು. ಆಗ ಹಲಗೆಗಳು ಅದರ ಕೆಳಗೆ ತಮ್ಮಷ್ಟಕ್ಕೆ ಸರಿದಾಡಿಕೊಂಡಿರುತ್ತವೆ. ಆಂಡ್ರ್ಯೂ ಜಾಕ್ಸನ್ ಡೌನಿಂಗ್ ಎಂಬ ಅಮೆರಿಕದ ಲೇಖಕ ಹಳ್ಳಿಮನೆಗಳನ್ನು ಕುರಿತ ತನ್ನ 1850ರ ಪುಸ್ತಕದಲ್ಲಿ ಇಂಥ ಗೋಡೆಯನ್ನು ಮೆಚ್ಚಿ ಹೇಳಿದ್ದಾನೆ: ಮನೆಯನ್ನು ಹೊತ್ತ ಮುಖ್ಯ ಕಟ್ಟಿಗೆಗಳೇ ನೆಟ್ಟಗೆ ನಿಂತಿರುವಾಗ ಹಲಗೆಯೂ ನೆಟ್ಟಗಿದ್ದರೆ ಅದು ಒಳಗಿನ ನಿಜವನ್ನು ಹೊರಗೆ ತೋರಿಸುತ್ತದೆ ಎಂಬುದು ಅವನ ವಾದ. ಇಂದಿನ ಪಡಸಾಲೆಯಲ್ಲಿ ಹಲಗೆಯೂ ಇಲ್ಲ, ಸಂದೂ ಇಲ್ಲ, ಪಟ್ಟಿ ಮಾತ್ರ ಉಳಿದಿದೆ. ಸಂದು ಮುಚ್ಚುವ ಪಟ್ಟಿ ನಮ್ಮಲ್ಲಿ ಇರಲಿಲ್ಲವೆಂದಲ್ಲ. ಹಳೆಯ ಜೋಡಿ ಬಾಗಿಲುಗಳ ನಡುಪಟ್ಟಿಯನ್ನು ನೆನಪಿಸಿಕೊಳ್ಳಿ, ಒಂದು ಕದಕ್ಕೆ ಬಡಿದು ಎರಡೂ ಕದಗಳ ನಡುವಿನ ಸಂದನ್ನು ಮುಚ್ಚುವಂಥದ್ದು, ಮೇಲೆ ಹೂವಿನ ಕೆತ್ತನೆ ಇರುವಂಥದ್ದು. ಆಷಾಢದ ಜಿಟಿಜಿಟಿಗೆ ಕದ ಉಬ್ಬಿ ಕೂರದೆ ಹೋದಾಗ, ಕೆತ್ತಿಕೊಡಿ ಅಂದರೆ ಒಳ್ಳೆಯ ಬಡಿಗೇರರು ಒಪ್ಪುತ್ತಿರಲಿಲ್ಲ. ಬ್ಯಾಸಗಿ ಬರಲಿ, ತಾನ ಸರಿ ಹೋಗತೈತಿ ಅನ್ನುತ್ತಿದ್ದರು.

ಸ್ವಂತ ಕೈಯಿಂದ ಗೋಡೆ ಚೆಂದ ಮಾಡುವುದು ಈ ಹುಡುಗರಿಂದ ಶುರುವಾಯಿತು ಅಂತಲೂ ತಿಳಿಯಬಾರದು. ನಮ್ಮ ಸುತ್ತಿನ ಹಳ್ಳಿಗಳಲ್ಲಿ ಹಬ್ಬ ಬಂತೆಂದರೆ ಗೋಡೆ ಹೆಂಗಸರದು. ಮಣ್ಣು ಸೆಗಣಿ ಕಲಸಿ ಸಾರಿಸುವುದು, ಸುಣ್ಣಕ್ಕೆ ಒಂದಿಷ್ಟು ನೀಲಿ ಮತ್ತು ಹಿಡಿದುಕೊಳ್ಳಲು ಅಂಟು ಇಲ್ಲವೇ ಗಂಜಿ ಕೂಡಿಸುವುದು, ಬುಡಕ್ಕೆ ಕೆಮ್ಮಣ್ಣಿನ ಕಾರಣಿ ಎಳೆಯುವುದು, ಅದೂ ದಾರ ಹಿಡಿಯದೆ, ಟೇಪು ಹಿಡಿಯದೆ. ಆ ಕಾರಣಿಯ ಗೆರೆ ಮನೆಯ ಈ ತುದಿಯಿಂದ ಆ ತುದಿಗೆ ಎಲ್ಲೂ ಸೊಟ್ಟಾಗದೆ ಓಡುತ್ತಿತ್ತು. ಅದನ್ನು ಯಾರೂ ಕಸುಬು ಅಂತ ಕರೆಯಲಿಲ್ಲ, ಕೂಲಿ ಕೊಡಲಿಲ್ಲ. ಹಬ್ಬದ ಕೆಲಸದ ಲೆಕ್ಕದಲ್ಲಿ ಅದೂ ಒಂದಾಗಿ ಹೋಯಿತು. ಅದು ನನ್ನ ಮನಸ್ಸಿಗೆ ಈಗಲೂ ನೋವಿನ ಸಂಗತಿ.

ನೀವೂ ಈ ದೀಪಾವಳಿಗೆ ಪಟ್ಟಿಯ ಗೋಡೆ ಮಾಡುವವರಿದ್ದರೆ ಒಂದೆರಡು ಮಾತು. ಆ ಮೊಬೈಲಿನ ಗೋಡೆಗಳು ಬಹುಪಾಲು ಕಟ್ಟಿಗೆಯ ಹಂದರಕ್ಕೆ ಜಿಪ್ಸಮ್ ಹಲಗೆ ಬಡಿದವು, ಅಲ್ಲಿ ಪಟ್ಟಿಗಳು ಬರೀ ಮೊಳೆಗೆ ನಿಲ್ಲುತ್ತವೆ. ನಮ್ಮವು ಇಟ್ಟಿಗೆ ಸಿಮೆಂಟಿನವು. ಡ್ರಿಲ್ ಹಾಕಿ ಪ್ಲಗ್ ಕೂರಿಸಿ ಸ್ಕ್ರೂ ಬಿಗಿಯಬೇಕು, ಇಲ್ಲವೇ ಅಂಟಿನಿಂದ ಅಂಟಿಸಬೇಕು. ಮಣ್ಣಿನಲ್ಲಿ ಕಟ್ಟಿದ ಹಳೆಯ ಕಲ್ಲುಗೋಡೆಯಾದರೆ ಪ್ಲಗ್ ಸಡಿಲವಾಗಿ ತಿರುಗುತ್ತದೆ. ಕಲ್ಲು ಸಿಗುವ ಜಾಗ ಬಡಿದು ನೋಡಿ ಹುಡುಕಬೇಕು. ಆಯಿಲ್ ಪೇಂಟಿನ ಮೇಲೆ ಅಂಟು ಹಿಡಿಯುವುದಿಲ್ಲ, ಉಪ್ಪುಕಾಗದದಿಂದ ಮೊದಲು ಉಜ್ಜಿ. ಎಂಡಿಎಫ್ ಪಟ್ಟಿಗೆ ತಂಪು ಆಗದು. ಬುಡ ನೆನೆದ ಗೋಡೆಗೆ ಅದನ್ನು ತರಬೇಡಿ, ಯಾವ ಪಟ್ಟಿಯಾದರೂ ನೆಲ ಒರೆಸುವ ನೀರು ತಾಗದಷ್ಟು ಮೇಲಕ್ಕೆ ನಿಲ್ಲಲಿ. ಸ್ವಿಚ್‌ಬೋರ್ಡಿನ ನೆಟ್ಟ ಮೇಲೆ, ನೆಟ್ಟ ಕೆಳಗೆ ಡ್ರಿಲ್ ಇಳಿಸಬೇಡಿ, ವಯರಿನ ಪೈಪು ಹೆಚ್ಚಾಗಿ ಅಲ್ಲೇ ಹಾದಿರುತ್ತದೆ.

ಕೊಳ್ಳುವ ಮೊದಲು ಗೋಡೆಯನ್ನು ಮೇಲೆ, ನಡುವೆ, ಕೆಳಗೆ, ಮೂರೂ ಕಡೆ ಅಳೆಯಿರಿ. ಓಣಿಯಲ್ಲಿ ಹಳೆಯ ಬಡಿಗೇರರಿದ್ದರೆ ಕೆಲಸಕ್ಕೆ ಕರೆಯದಿದ್ದರೂ ನೋಡುವುದಕ್ಕೆ ಒಮ್ಮೆ ಕರೆಯಿರಿ. ಅವರು ನೋಡಿ ಹೇಳಿದ್ದಕ್ಕೂ ಮಜೂರಿ ಕೊಡಿ.